ನಾಮ್ ಜೂನ್ ಪೈಕ್

ನಾಮ್ ಜೂನ್ ಪೈಕ್ (ಜುಲೈ 20, 1932 – ಜನವರಿ 29, 2006) ಕೊರಿಯಾ ಮೂಲದ ಅಮೆರಿಕನ್ ಕಲಾವಿದ. ಸಂಗೀತ ಸಂಯೋಜಕರಾಗಿ ಆರಂಭಿಸಿದ ಇವರು ಮುಂದೆ ಪ್ರದರ್ಶನ ಕಲೆ, ವೀಡಿಯೊ, ಟಿವಿ ಪೆಟ್ಟಿಗೆಗಳಿಂದ ಕಟ್ಟಿದ ಶಿಲ್ಪಗಳು ಹಾಗೂ ಉಪಗ್ರಹ ಪ್ರಸಾರಗಳಲ್ಲಿ ಕೆಲಸ ಮಾಡಿದರು. ಇವರನ್ನು ವೀಡಿಯೊ ಕಲೆಯ ಜನಕ ಎಂದು ಕರೆಯುವುದು ವಾಡಿಕೆ. ಕೊರಿಯನ್ ಭಾಷೆಯಲ್ಲಿ ಮನೆತನದ ಹೆಸರು ಮೊದಲು ಬರುವುದರಿಂದ ಸ್ವದೇಶದಲ್ಲಿ ಇವರು ಬೆಕ್ ನಮ್-ಜುನ್ ಎಂದೇ ಪರಿಚಿತರು.

ಪೈಕ್ ಹುಟ್ಟಿದಾಗ ಅವರ ನಾಡು ಪರಾಧೀನವಾಗಿತ್ತು. ಉನ್ನತ ಶಿಕ್ಷಣ ಪಡೆದದ್ದು ಜಪಾನಿನಲ್ಲಿ, ಕಲಾವಿದರಾಗಿ ರೂಪುಗೊಂಡದ್ದು ಜರ್ಮನಿಯಲ್ಲಿ, ಬಹುಕಾಲ ನೆಲೆಸಿದ್ದು ನ್ಯೂಯಾರ್ಕಿನಲ್ಲಿ. ಯಾವ ದೇಶದವರೆಂದು ಒಂದೇ ಮಾತಿನಲ್ಲಿ ಹೇಳಲಾಗದ ಇಂಥ ಬದುಕಿನಿಂದ ಬಂದ ಅವರ ಕೃತಿಗಳಲ್ಲಿ ಒಂದು ಪ್ರಶ್ನೆ ಮತ್ತೆ ಮತ್ತೆ ಎದುರಾಗುತ್ತದೆ: ಪರದೆಯ ಮುಂದೆ ಕುಳಿತಿರುವ ವ್ಯಕ್ತಿಗೂ ಪರದೆಯೊಳಗೆ ಕಾಣುವ ವ್ಯಕ್ತಿಗೂ ಏನು ಸಂಬಂಧ? ಅಂತರಜಾಲವೂ ಮೊಬೈಲ್ ಫೋನೂ ಜನಸಾಮಾನ್ಯರ ಕೈಸೇರುವ ಎಷ್ಟೋ ಮೊದಲು ಅವರು ಈ ಪ್ರಶ್ನೆಯನ್ನು ಎತ್ತಿಕೊಂಡಿದ್ದರು.

ಬಾಲ್ಯ ಮತ್ತು ಶಿಕ್ಷಣ

ಪೈಕ್ ಸೋಲ್ ನಗರದ ಶ್ರೀಮಂತ ಕುಟುಂಬವೊಂದರಲ್ಲಿ ಐದು ಮಕ್ಕಳ ಪೈಕಿ ಕಿರಿಯವರಾಗಿ ಜನಿಸಿದರು. ತಂದೆ ಜವಳಿ ಉದ್ಯಮಿ. ಆಗ ಕೊರಿಯಾ ಜಪಾನಿನ ವಸಾಹತಾಗಿದ್ದು ಶಾಲೆಗಳಲ್ಲಿ ಜಪಾನಿ ಭಾಷೆಯದೇ ಪ್ರಾಬಲ್ಯವಿತ್ತು. ಹೀಗಾಗಿ ಆ ಪೀಳಿಗೆಯ ಮಕ್ಕಳಿಗೆ ಮನೆಯ ನುಡಿಯೇ ಬೇರೆ, ಶಾಲೆಯ ನುಡಿಯೇ ಬೇರೆ ಆಗಿತ್ತು. ಬಾಲಕ ಪೈಕ್ ಪಾಶ್ಚಾತ್ಯ ಶಾಸ್ತ್ರೀಯ ಪದ್ಧತಿಯಲ್ಲಿ ಪಿಯಾನೊ ಕಲಿತರು. ಹದಿಹರೆಯದಲ್ಲಿಯೇ ಆಸ್ಟ್ರಿಯಾದ ಆಧುನಿಕ ಸಂಯೋಜಕ ಆರ್ನಾಲ್ಡ್ ಶೋನ್‌ಬರ್ಗ್ ಅವರ ಸಂಗೀತದತ್ತ ಆಕರ್ಷಿತರಾದರು.

1950ರಲ್ಲಿ ಕೊರಿಯಾ ಯುದ್ಧ ಆರಂಭವಾದಾಗ ಕುಟುಂಬ ದೇಶ ತೊರೆದು ಜಪಾನಿನಲ್ಲಿ ನೆಲೆಸಿತು. ಟೋಕಿಯೊ ವಿಶ್ವವಿದ್ಯಾಲಯದಲ್ಲಿ ಸೌಂದರ್ಯಶಾಸ್ತ್ರ ಓದಿದ ಪೈಕ್, ಶೋನ್‌ಬರ್ಗ್ ಕುರಿತು ಪ್ರಬಂಧ ಬರೆದು 1956ರಲ್ಲಿ ಪದವಿ ಪಡೆದರು. ಅನಂತರ ಸಂಗೀತಾಭ್ಯಾಸಕ್ಕಾಗಿ ಪಶ್ಚಿಮ ಜರ್ಮನಿಗೆ ತೆರಳಿ ಮ್ಯೂನಿಕ್ ಮತ್ತು ಫ್ರೈಬರ್ಗ್ ನಗರಗಳಲ್ಲಿ ಅಧ್ಯಯನ ಮುಂದುವರಿಸಿದರು. ಮೂರು ದಶಕಗಳಿಗೂ ಹೆಚ್ಚು ಕಾಲ ಅವರು ತಾಯ್ನಾಡಿಗೆ ಮರಳಲಿಲ್ಲ.

ಜರ್ಮನಿ: ಸಂಗೀತದಿಂದ ಟಿವಿಗೆ

1958ರಲ್ಲಿ ಡಾರ್ಮ್‌ಸ್ಟಾಟ್‌ನ ಬೇಸಿಗೆ ಸಂಗೀತ ಶಿಬಿರದಲ್ಲಿ ಅಮೆರಿಕದ ಸಂಯೋಜಕ ಜಾನ್ ಕೇಜ್ ಅವರನ್ನು ಭೇಟಿಯಾದದ್ದು ಪೈಕ್ ಅವರ ದಾರಿಯನ್ನೇ ಬದಲಿಸಿತು. ಮೌನ, ಗದ್ದಲ, ಆಕಸ್ಮಿಕ ಎಲ್ಲವೂ ಸಂಗೀತವಾಗಬಲ್ಲವು ಎಂಬುದು ಕೇಜ್ ಅವರ ನಿಲುವು. ಅದಕ್ಕೆ ಝೆನ್ ಬೌದ್ಧ ಚಿಂತನೆಯ ಪ್ರೇರಣೆಯಿತ್ತು. ಏಷ್ಯಾದ ತರುಣನೊಬ್ಬ ಏಷ್ಯಾದ ಚಿಂತನೆಯನ್ನು ಜರ್ಮನಿಯಲ್ಲಿ, ಒಬ್ಬ ಅಮೆರಿಕನ್ನನ ಮೂಲಕ ಹೊಸದಾಗಿ ಕಂಡುಕೊಂಡದ್ದು ವಿಚಿತ್ರವೆನಿಸಿದರೂ, ಪೂರ್ವ-ಪಶ್ಚಿಮಗಳೆಂಬ ವಿಂಗಡಣೆಯ ಬಗ್ಗೆ ಪೈಕ್ ಮುಂದೆ ತಳೆದ ಅನುಮಾನಕ್ಕೆ ಇದು ತಕ್ಕ ಆರಂಭವೇ ಸರಿ.

ಮರುವರ್ಷ ಡ್ಯುಸೆಲ್‌ಡಾರ್ಫ್‌ನಲ್ಲಿ ಅವರು ಧ್ವನಿಸುರುಳಿ ಮತ್ತು ಪಿಯಾನೊಗಳಿಗಾಗಿ ರಚಿಸಿದ, ಕೇಜ್ ಅವರಿಗೆ ಅರ್ಪಿಸಿದ ಕೃತಿಯನ್ನು ಪ್ರದರ್ಶಿಸಿದರು. 1960ರಲ್ಲಿ ಕಲೋನ್ ನಗರದ ಪ್ರದರ್ಶನವೊಂದರಲ್ಲಿ ವಾದನವನ್ನು ಅರ್ಧಕ್ಕೇ ಬಿಟ್ಟು ಪ್ರೇಕ್ಷಕರ ನಡುವೆ ಇಳಿದುಬಂದ ಪೈಕ್, ಅಲ್ಲಿ ಕುಳಿತಿದ್ದ ಕೇಜ್ ಅವರ ಕುತ್ತಿಗೆಯ ಟೈಯನ್ನು ಕತ್ತರಿಯಿಂದ ಕತ್ತರಿಸಿ, ತಲೆಗೆ ಶಾಂಪೂ ಸುರಿದರು. ಬಳಿಕ ಹೊರಗೆ ಹೋದವರು ದೂರವಾಣಿ ಮಾಡಿ ಕಾರ್ಯಕ್ರಮ ಮುಗಿದಿದೆಯೆಂದು ತಿಳಿಸಿದರು. 1962ರ ಒಂದು ಕೃತಿಯಲ್ಲಿ ಪಿಟೀಲನ್ನು ಅತಿ ನಿಧಾನವಾಗಿ ಮೇಲೆತ್ತಿ ಒಂದೇ ಏಟಿಗೆ ಮೇಜಿನ ಮೇಲೆ ಅಪ್ಪಳಿಸಿದರು. ಅದೇ ವರ್ಷ ವೀಸ್‌ಬಾಡೆನ್‌ನ ಉತ್ಸವದಲ್ಲಿ ತಮ್ಮ ತಲೆಗೂದಲನ್ನೇ ಕುಂಚದಂತೆ ಶಾಯಿಯಲ್ಲಿ ಅದ್ದಿ ನೆಲದ ಮೇಲೆ ಹಾಸಿದ ಉದ್ದನೆಯ ಕಾಗದದಲ್ಲಿ ಗೆರೆಯೆಳೆದರು. ಜಾರ್ಜ್ ಮಚ್ಯೂನಸ್ ಸಂಘಟಿಸಿದ ಈ ಉತ್ಸವದಿಂದ ಫ್ಲಕ್ಸಸ್ ಎಂಬ ಅಂತರರಾಷ್ಟ್ರೀಯ ಕಲಾವಿದರ ಬಳಗ ಹೆಸರಾಯಿತು. ಪೈಕ್ ಅದರ ಪ್ರಮುಖ ಸದಸ್ಯರಾದರು.

ಮಾರ್ಚ್ 1963ರಲ್ಲಿ ವುಪ್ಪರ್‌ಟಾಲ್ ನಗರದ ಪಾರ್ನಾಸ್ ಗ್ಯಾಲರಿಯಲ್ಲಿ ಪೈಕ್ ತಮ್ಮ ಮೊದಲ ಏಕವ್ಯಕ್ತಿ ಪ್ರದರ್ಶನವನ್ನು ಏರ್ಪಡಿಸಿದರು. ಬಾಗಿಲಲ್ಲಿ ಎತ್ತಿನ ತಲೆಯೊಂದನ್ನು ತೂಗುಹಾಕಲಾಗಿತ್ತು. ಒಳಗೆ ಮಾರ್ಪಡಿಸಿದ ಪಿಯಾನೊಗಳಿದ್ದವು. ಉದ್ಘಾಟನೆಯ ದಿನ ಶಿಲ್ಪಿ ಜೋಸೆಫ್ ಬಾಯ್ಸ್ ಅವುಗಳಲ್ಲೊಂದನ್ನು ಕೊಡಲಿಯಿಂದ ಒಡೆದುಹಾಕಿದರು. ಆಗ ಎಲ್ಲರ ಬಾಯಲ್ಲಿದ್ದದ್ದು ಈ ಕೊಡಲಿ ಪ್ರಸಂಗ. ಆದರೆ ಚರಿತ್ರೆಯ ದೃಷ್ಟಿಯಿಂದ ಮುಖ್ಯವಾದದ್ದು ಇನ್ನೊಂದು ಕೋಣೆಯಲ್ಲಿ ಚದುರಿಸಿಟ್ಟಿದ್ದ ಹಳೆಯ ಟಿವಿ ಪೆಟ್ಟಿಗೆಗಳು.

ಆ ಕಾಲದ ಟಿವಿಯ ಪಿಕ್ಚರ್ ಟ್ಯೂಬಿನಲ್ಲಿ ಎಲೆಕ್ಟ್ರಾನುಗಳ ಕಿರಣವೊಂದು ಗಾಜಿನ ಒಳಮೈಗೆ ಬಡಿದು ಬೆಳಕು ಹೊಮ್ಮಿಸುತ್ತಿತ್ತು. ತಾಮ್ರದ ಸುರುಳಿಗಳ ಕಾಂತಬಲ ಆ ಕಿರಣವನ್ನು ಎಡದಿಂದ ಬಲಕ್ಕೆ, ಮೇಲಿಂದ ಕೆಳಕ್ಕೆ ಓಡಿಸಿ ಗೆರೆಗೆರೆಯಾಗಿ ಚಿತ್ರ ಮೂಡಿಸುತ್ತಿತ್ತು. ಪೈಕ್ ಕೈಹಾಕಿದ್ದು ಈ ವ್ಯವಸ್ಥೆಗೆ. ಒಂದು ಪೆಟ್ಟಿಗೆಯಲ್ಲಿ ಚಿತ್ರ ತಿರುಚಿಕೊಂಡಿತು. ಇನ್ನೊಂದು ನೋಡುಗರ ಧ್ವನಿಗೆ ಸ್ಪಂದಿಸಿ ಚುಕ್ಕೆಗಳನ್ನು ಚೆಲ್ಲಿತು. ಕೆಟ್ಟುಹೋಗಿ ಒಂದೇ ಒಂದು ಗೆರೆ ತೋರಿಸುತ್ತಿದ್ದ ಪೆಟ್ಟಿಗೆಯನ್ನು ಪೈಕ್ ಎಸೆಯಲಿಲ್ಲ. ಪಕ್ಕಕ್ಕೆ ಹೊರಳಿಸಿ, ಗೆರೆ ನೆಟ್ಟಗೆ ನಿಲ್ಲುವಂತೆ ಮಾಡಿ, ಅದಕ್ಕೆ ‘ಝೆನ್ ಫಾರ್ ಟಿವಿ’ ಎಂದು ಹೆಸರಿಟ್ಟರು. 1965ರ ‘ಮ್ಯಾಗ್ನೆಟ್ ಟಿವಿ’ಯಲ್ಲಿ ಪೆಟ್ಟಿಗೆಯ ಮೇಲಿಟ್ಟ ಭಾರಿ ಅಯಸ್ಕಾಂತವನ್ನು ಸರಿಸಿದರೆ ಸಾಕು, ಪರದೆಯ ಮೇಲೆ ಬೆಳಕಿನ ಬಳ್ಳಿಗಳು ಅರಳುತ್ತಿದ್ದವು. ಪ್ರಸಾರ ಕೇಂದ್ರ ಕಳಿಸಿದ್ದನ್ನು ಸುಮ್ಮನೆ ನೋಡುವುದಷ್ಟೇ ವೀಕ್ಷಕರ ಕೆಲಸವೆಂದು ತಿಳಿದಿದ್ದ ಕಾಲದಲ್ಲಿ, ಚಿತ್ರವನ್ನು ಬದಲಿಸುವ ಅಧಿಕಾರವನ್ನು ಅವರ ಕೈಗೆ ಕೊಟ್ಟದ್ದು ಈ ಕೃತಿಗಳ ಹೆಚ್ಚುಗಾರಿಕೆ. ಜರ್ಮನ್ ಕಲಾವಿದ ವೋಲ್ಫ್ ವೋಸ್ಟೆಲ್ ಕೂಡ ಅದೇ ವರ್ಷಗಳಲ್ಲಿ ಟಿವಿ ಪೆಟ್ಟಿಗೆಗಳನ್ನು ಕಲೆಗೆ ಬಳಸುತ್ತಿದ್ದರು. ಆದ್ದರಿಂದ ಜನಕನೆಂಬ ಬಿರುದನ್ನು ಸ್ವಲ್ಪ ಎಚ್ಚರದಿಂದಲೇ ಬಳಸಬೇಕಾಗುತ್ತದೆ.

ರೋಬೋ ಮತ್ತು ನ್ಯೂಯಾರ್ಕ್

1963ರಲ್ಲಿ ಜಪಾನಿಗೆ ಮರಳಿದ ಪೈಕ್ ಅಲ್ಲಿ ಎಂಜಿನಿಯರ್ ಶುಯಾ ಅಬೆ ಅವರೊಡನೆ ಸೇರಿ ‘ರೋಬೋ ಕೆ-456’ ಎಂಬ ದೂರನಿಯಂತ್ರಿತ ಯಂತ್ರಮಾನವನನ್ನು ನಿರ್ಮಿಸಿದರು. ಹೆಸರು ಮೊಜಾರ್ಟ್ ಅವರ ಪಿಯಾನೊ ಕಾನ್ಸರ್ಟೊ ಒಂದರ ಕ್ರಮಸಂಖ್ಯೆಯಿಂದ ಬಂದದ್ದು. ತಂತಿ, ಲೋಹದ ಪಟ್ಟಿಗಳು ಬಯಲಾಗಿ ಕಾಣುತ್ತಿದ್ದ ಈ ಸಣಕಲು ಆಕೃತಿ ತಡವರಿಸುತ್ತ ನಡೆಯುತ್ತಿತ್ತು, ಅಧ್ಯಕ್ಷ ಕೆನಡಿ ಅವರ ಭಾಷಣದ ಧ್ವನಿಮುದ್ರಣ ಕೇಳಿಸುತ್ತಿತ್ತು, ನಡುನಡುವೆ ಅವರೆಯಂತಹ ಕಾಳುಗಳನ್ನು ವಿಸರ್ಜಿಸುತ್ತಿತ್ತು. ಕಾರ್ಖಾನೆಗಳಲ್ಲಿ ಮನುಷ್ಯನ ಕೆಲಸವನ್ನು ಕಸಿಯುವ ಚುರುಕು ಯಂತ್ರಗಳ ಕನಸು ಕಾಣುತ್ತಿದ್ದ ದಶಕದಲ್ಲಿ ಪೈಕ್ ಕಟ್ಟಿದ ಯಂತ್ರವನ್ನು ನಡೆಸಲು ಹಲವು ಮನುಷ್ಯರು ಬೇಕಾಗಿದ್ದರು.

1964ರಲ್ಲಿ ಅವರು ನ್ಯೂಯಾರ್ಕಿಗೆ ಬಂದರು. ಮರುವರ್ಷ ಅಕ್ಟೋಬರ್ 4ರಂದು ಹೊಸದಾಗಿ ಕೊಂಡ ಸೋನಿ ವೀಡಿಯೊ ಕ್ಯಾಮೆರಾದಲ್ಲಿ ಪೋಪ್ ಆರನೆಯ ಪಾಲ್ ಅವರ ನಗರ ಭೇಟಿಯ ದೃಶ್ಯವನ್ನು ಸೆರೆಹಿಡಿದು, ಅಂದು ಸಂಜೆಯೇ ಕಾಫಿಮನೆಯೊಂದರಲ್ಲಿ ತೋರಿಸಿದರೆಂಬ ಕಥೆಯನ್ನು ವೀಡಿಯೊ ಕಲೆಯ ಜನ್ಮಕಥೆಯೆಂಬಂತೆ ಅನೇಕ ಪುಸ್ತಕಗಳು ಹೇಳುತ್ತವೆ. ಹೆಗಲಿಗೇರಿಸಿಕೊಂಡು ಓಡಾಡಬಹುದಾದ, ಬ್ಯಾಟರಿ ಚಾಲಿತ ಸೋನಿ ಉಪಕರಣ ಮಾರುಕಟ್ಟೆಗೆ ಬಂದದ್ದು ಅದಕ್ಕಿಂತ ಈಚೆಗೆ ಎಂಬ ಕಾರಣದಿಂದ ಕೆಲವು ಇತಿಹಾಸಕಾರರು ಈ ಕಥೆಯನ್ನು ಒಪ್ಪುವುದಿಲ್ಲ. ಆ ದಿನದ ಪೋಪ್ ಭೇಟಿಯ ಟೇಪು ಉಳಿದುಬಂದಿಲ್ಲ.

1969–70ರಲ್ಲಿ ಪೈಕ್ ಮತ್ತು ಅಬೆ ಬಾಸ್ಟನ್ನಿನ ಸಾರ್ವಜನಿಕ ಟಿವಿ ಕೇಂದ್ರಕ್ಕಾಗಿ ವೀಡಿಯೊ ಸಿಂಥಸೈಜರ್ ಒಂದನ್ನು ನಿರ್ಮಿಸಿದರು. ಹಲವು ಕ್ಯಾಮೆರಾಗಳ ಚಿತ್ರಗಳನ್ನು ಬೆರೆಸಿ, ಬಣ್ಣ ಬದಲಿಸಿ, ಆಕಾರ ಕರಗಿಸುವ ಈ ಯಂತ್ರವನ್ನು ವಾದ್ಯ ನುಡಿಸಿದಂತೆ ಆ ಕ್ಷಣದಲ್ಲೇ ನುಡಿಸಬಹುದಾಗಿತ್ತು. 1973ರಲ್ಲಿ ತಯಾರಾದ ‘ಗ್ಲೋಬಲ್ ಗ್ರೂವ್’ ಎಂಬ ಅರ್ಧ ಗಂಟೆಯ ವೀಡಿಯೊದಲ್ಲಿ ಕೊರಿಯಾದ ಬೀಸಣಿಗೆ ನೃತ್ಯ, ಅಮೆರಿಕದ ಟ್ಯಾಪ್ ನೃತ್ಯ, ಮೂಲನಿವಾಸಿ ನವಾಹೊ ಮಹಿಳೆಯ ಹಾಡು, ಜಪಾನಿನ ಪೆಪ್ಸಿ ಜಾಹೀರಾತು, ಕವಿ ಅಲೆನ್ ಗಿನ್ಸ್‌ಬರ್ಗ್ ಮತ್ತು ಕೇಜ್ ಎಲ್ಲರೂ ಒಂದರ ಹಿಂದೆ ಒಂದು ಬಂದು ಹೋಗುತ್ತಾರೆ. ಲೋಕದ ಯಾವುದೇ ಟಿವಿ ವಾಹಿನಿಯನ್ನು ಯಾರು ಬೇಕಾದರೂ ಹಾಕಿಕೊಳ್ಳಬಹುದಾದ ದಿನ ಹೇಗಿದ್ದೀತು ಎಂಬುದು ಇದರ ಕಲ್ಪನೆ. ಮರುವರ್ಷ ರಾಕ್‌ಫೆಲರ್ ಪ್ರತಿಷ್ಠಾನಕ್ಕೆ ಬರೆದ ವರದಿಯಲ್ಲಿ ಅವರು ದೂರಸಂಪರ್ಕದ ಜಾಲವನ್ನು ಎಲೆಕ್ಟ್ರಾನಿಕ್ ಹೆದ್ದಾರಿಯಾಗಿ ಕಲ್ಪಿಸಿದರು.

ಷಾರ್ಲಟ್ ಮೂರ್ಮನ್ ಸಹಯೋಗ

ಚೆಲ್ಲೊ ವಾದಕಿ ಷಾರ್ಲಟ್ ಮೂರ್ಮನ್ (1933–1991) ಪೈಕ್ ಅವರ ಅತಿ ಮುಖ್ಯ ಸಹಕಲಾವಿದೆ. ಶಾಸ್ತ್ರೀಯ ಸಂಗೀತದಿಂದ ಲೈಂಗಿಕತೆಯನ್ನು ಮಾತ್ರ ಏಕೆ ದೂರವಿಡಬೇಕು ಎಂಬ ಪೈಕ್ ಅವರ ವಾದದ ಮೇಲೆ ಇಬ್ಬರೂ ಸೇರಿ ಹಲವು ಪ್ರದರ್ಶನಗಳನ್ನು ರೂಪಿಸಿದರು. ಫೆಬ್ರವರಿ 9, 1967ರಂದು ನ್ಯೂಯಾರ್ಕಿನಲ್ಲಿ ‘ಒಪೆರಾ ಸೆಕ್ಸ್‌ಟ್ರಾನಿಕ್’ ನಡೆಯುತ್ತಿದ್ದಾಗ, ಮೇಲುಡುಪಿಲ್ಲದೆ ಚೆಲ್ಲೊ ನುಡಿಸುತ್ತಿದ್ದ ಮೂರ್ಮನ್ ಅವರನ್ನು ಪೊಲೀಸರು ವೇದಿಕೆಯಿಂದಲೇ ಬಂಧಿಸಿದರು. ಪೈಕ್ ಅವರನ್ನೂ ಕರೆದೊಯ್ದರಾದರೂ ಅಪರಾಧಿಯೆಂಬ ತೀರ್ಪು ಬಂದದ್ದು ಮೂರ್ಮನ್ ಅವರ ಮೇಲೆ ಮಾತ್ರ. ಅವರ ಶಿಕ್ಷೆಯನ್ನು ಅಮಾನತಿನಲ್ಲಿ ಇಡಲಾಯಿತು. ಆದರೆ ವಾದ್ಯವೃಂದದ ಕೆಲಸ ಕೈತಪ್ಪಿತು, ಪತ್ರಿಕೆಗಳು ಅಂಟಿಸಿದ ಅಡ್ಡಹೆಸರು ಬದುಕಿನುದ್ದಕ್ಕೂ ಬಿಡಲಿಲ್ಲ. ಕೃತಿಯ ಕಲ್ಪನೆ ಪೈಕ್ ಅವರದಾದರೂ ಅದಕ್ಕೆ ಬೆಲೆ ತೆತ್ತದ್ದು ಮೂರ್ಮನ್ ಅವರ ದೇಹ ಮತ್ತು ಹೆಸರು. ಈ ಅಸಮತೋಲನವನ್ನು ಈಚಿನ ವಿಮರ್ಶೆ ಹೆಚ್ಚಾಗಿ ಚರ್ಚಿಸುತ್ತದೆ, ಮತ್ತು ಮೂರ್ಮನ್ ಅವರನ್ನು ಕೇವಲ ವಾದಕಿಯೆನ್ನದೆ ಸಹಕರ್ತೃವೆಂದು ಗುರುತಿಸುತ್ತದೆ.

1969ರ ‘ಟಿವಿ ಬ್ರಾ ಫಾರ್ ಲಿವಿಂಗ್ ಸ್ಕಲ್ಪ್ಚರ್’ ಕೃತಿಯಲ್ಲಿ ಎರಡು ಪುಟ್ಟ ಟಿವಿಗಳನ್ನು ಎದೆಗೆ ಕಟ್ಟಿಕೊಂಡ ಮೂರ್ಮನ್ ಚೆಲ್ಲೊ ನುಡಿಸಿದರು. ವಾದ್ಯದ ನಾದಕ್ಕೆ ತಕ್ಕಂತೆ ಪರದೆಯ ಚಿತ್ರ ಬದಲಾಗುತ್ತಿತ್ತು. ಎರಡು ವರ್ಷಗಳ ನಂತರ ಟಿವಿ ಪೆಟ್ಟಿಗೆಗಳನ್ನೇ ಒಂದರ ಮೇಲೊಂದು ಜೋಡಿಸಿ ‘ಟಿವಿ ಚೆಲ್ಲೊ’ ತಯಾರಾಯಿತು. ತಂತಿ ಮೀಟುತ್ತಿದ್ದ ವಾದಕಿಯ ಚಿತ್ರವೇ ಆ ವಾದ್ಯದ ಪರದೆಗಳಲ್ಲಿ ಕಾಣುತ್ತಿತ್ತು.

ಟಿವಿ ಬುದ್ಧ

ಪೈಕ್ ಅವರ ಕೃತಿಗಳಲ್ಲಿ ಅತ್ಯಂತ ಪ್ರಸಿದ್ಧವಾದ ‘ಟಿವಿ ಬುದ್ಧ’ (1974) ಬಹಳ ಸರಳವಾದ ರಚನೆ. ಕುಳಿತ ಬುದ್ಧನ ಹಳೆಯ ವಿಗ್ರಹ, ಅದರ ಎದುರಿಗೆ ದುಂಡಗಿನ ಒಂದು ಟಿವಿ, ಟಿವಿಯ ಹಿಂದೆ ಬುದ್ಧನತ್ತ ತಿರುಗಿದ ಕ್ಯಾಮೆರಾ. ಕ್ಯಾಮೆರಾ ಕಂಡದ್ದು ಅದೇ ಗಳಿಗೆಯಲ್ಲಿ ಪರದೆಯ ಮೇಲೆ ಮೂಡುತ್ತದೆ. ಏನೂ ಮುದ್ರಣವಾಗುವುದಿಲ್ಲ, ಏನೂ ಉಳಿಯುವುದಿಲ್ಲ. ಬುದ್ಧ ಬುದ್ಧನನ್ನು ನೋಡುತ್ತ ಕುಳಿತಿರುತ್ತಾನೆ. ನ್ಯೂಯಾರ್ಕಿನ ಬೊನಿನೊ ಗ್ಯಾಲರಿಯ ಪ್ರದರ್ಶನದಲ್ಲಿ ಖಾಲಿ ಉಳಿದಿದ್ದ ಗೋಡೆಯ ಬಳಿಯ ಜಾಗ ತುಂಬಿಸಲು ಇದನ್ನು ಜೋಡಿಸಿದರೆಂದು ಹೇಳಲಾಗುತ್ತದೆ. ಇಂದು ಇದು ಆಮ್‌ಸ್ಟರ್‌ಡ್ಯಾಮಿನ ಸ್ಟೆಡೆಲೈಕ್ ಸಂಗ್ರಹಾಲಯದಲ್ಲಿದೆ. ಪೈಕ್ ಮುಂದೆ ಇದರ ಬೇರೆ ಬೇರೆ ಆವೃತ್ತಿಗಳನ್ನೂ ಮಾಡಿದರು.

ಧ್ಯಾನ ಮತ್ತು ತಂತ್ರಜ್ಞಾನ, ಪೂರ್ವ ಮತ್ತು ಪಶ್ಚಿಮ ಎಂಬ ಜೋಡಿಗಳ ಮೂಲಕ ಈ ಕೃತಿಯನ್ನು ವಿವರಿಸುವುದು ಸುಲಭ, ಹಾಗೂ ಬಹುಪಾಲು ವಿವರಣೆಗಳು ಅಲ್ಲಿಗೇ ನಿಲ್ಲುತ್ತವೆ. ಆದರೆ ಕೃತಿಯೊಳಗೊಂದು ಮೊನಚಾದ ಪ್ರಶ್ನೆಯಿದೆ. ‘ನಾನು’ ಎಂಬ ಸ್ಥಿರವಾದ ವಸ್ತುವೇ ಇಲ್ಲವೆಂದು ಬೋಧಿಸಿದವನು ಇಲ್ಲಿ ತನ್ನದೇ ಮುಖದಿಂದ ಕಣ್ಣು ಕೀಳಲಾರದೆ ಕುಳಿತಿದ್ದಾನೆ. ಇದು ಆತ್ಮಾವಲೋಕನವೋ ಆತ್ಮಮೋಹವೋ ಎಂಬುದನ್ನು ಕೃತಿ ತೀರ್ಮಾನಿಸುವುದಿಲ್ಲ. ವಿಗ್ರಹದ ಹಿಂದೆ ಬಗ್ಗಿ ನೋಡುವ ಪ್ರೇಕ್ಷಕ ತಾನೂ ಪರದೆಯಲ್ಲಿ ಸಿಕ್ಕಿಬೀಳುತ್ತಾನೆ. ಮೊಬೈಲ್ ಫೋನಿನ ಮುಂಬದಿಯ ಕ್ಯಾಮೆರಾದಲ್ಲಿ ತಮ್ಮನ್ನು ತಾವೇ ನೋಡಿಕೊಳ್ಳುವುದು ದಿನನಿತ್ಯದ ಅಭ್ಯಾಸವಾಗಿರುವ ಇಂದಿನ ವೀಕ್ಷಕರಿಗೆ ಈ ಕೃತಿ ತಕ್ಷಣ ತಟ್ಟುವುದು ಇದೇ ಕಾರಣಕ್ಕೆ.

ಅದೇ ವರ್ಷ ಕಲೋನ್ ನಗರದಲ್ಲಿ ಪೈಕ್ ವಿಗ್ರಹವನ್ನು ತೆಗೆದು ಆ ಜಾಗದಲ್ಲಿ ನಿಲುವಂಗಿ ತೊಟ್ಟು ತಾವೇ ಕುಳಿತರು. ಯುರೋಪಿನ ಪ್ರೇಕ್ಷಕರು ಏಷ್ಯಾದ ಕಲಾವಿದನೊಬ್ಬನಿಂದ ಏನನ್ನು ನಿರೀಕ್ಷಿಸುತ್ತಾರೆ ಎಂಬುದನ್ನು ಬಲ್ಲ ಪೈಕ್ ಆ ನಿರೀಕ್ಷೆಯನ್ನೇ ವೇಷದಂತೆ ಧರಿಸಿದ್ದರು. ಪರದೆಯಲ್ಲಿ ಕಂಡದ್ದು ಪೈಕ್ ಅವರೋ, ಪಶ್ಚಿಮ ಕಲ್ಪಿಸಿಕೊಂಡ ಜ್ಞಾನಿಯೋ ಎಂಬುದನ್ನು ನೋಡುಗರೇ ಬಿಡಿಸಿಕೊಳ್ಳಬೇಕಿತ್ತು.

ಉಪಗ್ರಹ ಪ್ರಸಾರಗಳು

ಜಾರ್ಜ್ ಆರ್ವೆಲ್ ತಮ್ಮ ಪ್ರಸಿದ್ಧ ಕಾದಂಬರಿಯಲ್ಲಿ 1984ನೇ ಇಸವಿಯನ್ನು, ಮನೆಮನೆಯ ಪರದೆಯೂ ಪ್ರಜೆಗಳ ಮೇಲೆ ಕಣ್ಣಿಡುವ ಕಾಲವೆಂದು ಚಿತ್ರಿಸಿದ್ದರು. ಆ ವರ್ಷದ ಜನವರಿ 1ರಂದೇ ಪೈಕ್ ‘ಗುಡ್ ಮಾರ್ನಿಂಗ್, ಮಿಸ್ಟರ್ ಆರ್ವೆಲ್’ ಎಂಬ ನೇರ ಪ್ರಸಾರವನ್ನು ಏರ್ಪಡಿಸಿದರು. ನ್ಯೂಯಾರ್ಕ್ ಮತ್ತು ಪ್ಯಾರಿಸ್ ಸ್ಟುಡಿಯೊಗಳನ್ನು ಉಪಗ್ರಹದ ಮೂಲಕ ಬೆಸೆದ ಈ ಕಾರ್ಯಕ್ರಮ ಜರ್ಮನಿ ಮತ್ತು ದಕ್ಷಿಣ ಕೊರಿಯಾಗಳಲ್ಲಿಯೂ ಪ್ರಸಾರವಾಯಿತು. ಕೇಜ್, ಬಾಯ್ಸ್, ಮೂರ್ಮನ್, ನೃತ್ಯಗಾರ ಮರ್ಸ್ ಕನಿಂಗ್‌ಹ್ಯಾಮ್, ಗಾಯಕರಾದ ಲಾರಿ ಆಂಡರ್ಸನ್ ಮತ್ತು ಪೀಟರ್ ಗೇಬ್ರಿಯಲ್ ಭಾಗವಹಿಸಿದರು. ಸಂಪರ್ಕ ಹಲವು ಸಲ ಕೈಕೊಟ್ಟಿತು; ಎರಡು ಖಂಡಗಳ ನಡುವಿನ ಸಂಭಾಷಣೆ ಅಲ್ಲಲ್ಲಿ ತಪ್ಪಿತು. ಆದರೂ ಪರದೆ ಕಾವಲಿನ ಸಾಧನವೇ ಆಗಬೇಕಿಲ್ಲ, ಕೂಡಿ ಆಡುವ ಅಂಗಳವೂ ಆದೀತು ಎಂಬ ಪೈಕ್ ಅವರ ವಾದ ಕೋಟ್ಯಂತರ ಮನೆಗಳಿಗೆ ತಲುಪಿತು. ಮುಂದಿನ ದಶಕಗಳನ್ನು ನೋಡಿದರೆ ಆರ್ವೆಲ್ ಅವರ ಭಯವೂ ಪೈಕ್ ಅವರ ಭರವಸೆಯೂ ಒಟ್ಟಿಗೇ ನಿಜವಾದವೆನ್ನಬೇಕು.

1986ರ ‘ಬೈ ಬೈ ಕಿಪ್ಲಿಂಗ್’ ನ್ಯೂಯಾರ್ಕ್, ಟೋಕಿಯೊ, ಸೋಲ್ ನಗರಗಳನ್ನು ಜೋಡಿಸಿತು. ಪೂರ್ವ-ಪಶ್ಚಿಮಗಳು ಎಂದೂ ಕೂಡಲಾರವೆಂಬ, ಕಿಪ್ಲಿಂಗ್ ಅವರ ಹೆಸರಿನಲ್ಲಿ ಚಾಲ್ತಿಯಲ್ಲಿರುವ ಅಭಿಪ್ರಾಯಕ್ಕೆ ವಿದಾಯ ಹೇಳುವುದು ಇದರ ಆಶಯ. ಪೈಕ್ ಹೀಗೆ ಎದುರುಹಾಕಿಕೊಂಡ ಇಬ್ಬರು ಇಂಗ್ಲಿಷ್ ಲೇಖಕರೂ ಭಾರತದಲ್ಲಿ ಹುಟ್ಟಿದವರು ಎಂಬುದು ಗಮನಾರ್ಹ: ಕಿಪ್ಲಿಂಗ್ ಮುಂಬಯಿಯಲ್ಲಿ, ಆರ್ವೆಲ್ ಬಿಹಾರದ ಮೋತಿಹಾರಿಯಲ್ಲಿ. ಈ ಸರಣಿಯ ಮೂರನೆಯ ಪ್ರಸಾರ 1988ರ ಸೋಲ್ ಒಲಿಂಪಿಕ್ಸ್ ಸಂದರ್ಭದಲ್ಲಿ ನಡೆಯಿತು.

ತಾಯ್ನಾಡು ಮತ್ತು ವೆನಿಸ್

ಪೈಕ್ ಕೊರಿಯಾಕ್ಕೆ ಮತ್ತೆ ಕಾಲಿಟ್ಟದ್ದು 1984ರಲ್ಲಿ. 1977ರಲ್ಲಿ ಅವರನ್ನು ವಿವಾಹವಾಗಿದ್ದ, ಸ್ವತಃ ಹೆಸರಾಂತ ವೀಡಿಯೊ ಕಲಾವಿದೆಯಾದ ಜಪಾನಿನ ಶಿಗೆಕೊ ಕುಬೊತಾ (1937–2015) ಈ ಪ್ರಯಾಣವನ್ನು ತಮ್ಮ ವೀಡಿಯೊ ದಿನಚರಿಯೊಂದರಲ್ಲಿ ದಾಖಲಿಸಿದ್ದಾರೆ. ವಿದೇಶದಲ್ಲಿ ಗೆದ್ದುಬಂದ ಮಗನೆಂದು ದೇಶ ಅವರನ್ನು ಸಂಭ್ರಮದಿಂದ ಬರಮಾಡಿಕೊಂಡಿತು. 1990ರ ಜುಲೈ 20ರಂದು, ತಮ್ಮ ಹುಟ್ಟುಹಬ್ಬದ ದಿನ, ಪೈಕ್ ಸೋಲ್‌ನಲ್ಲಿ ಕೊರಿಯಾದ ಜಾನಪದ ಮಾಂತ್ರಿಕ ವಿಧಿಯಾದ ‘ಗುತ್’ ಮಾದರಿಯಲ್ಲಿ, ನಾಲ್ಕು ವರ್ಷಗಳ ಹಿಂದೆ ತೀರಿಕೊಂಡಿದ್ದ ಗೆಳೆಯ ಬಾಯ್ಸ್ ಅವರ ಆತ್ಮಕ್ಕೆ ಗೌರವ ಸಲ್ಲಿಸುವ ಪ್ರದರ್ಶನ ನೀಡಿದರು.

1993ರ ವೆನಿಸ್ ಬಿಯೆನಾಲೆಯಲ್ಲಿ ಪೈಕ್ ಪ್ರತಿನಿಧಿಸಿದ್ದು ಜರ್ಮನಿಯನ್ನು; ಜೊತೆಯಲ್ಲಿದ್ದವರು ನ್ಯೂಯಾರ್ಕಿನಲ್ಲಿ ನೆಲೆಸಿದ್ದ ಜರ್ಮನ್ ಕಲಾವಿದ ಹಾನ್ಸ್ ಹಾಕೆ. ದೇಶಗಳು ತಂತಮ್ಮ ಮಂಟಪ ಕಟ್ಟಿಕೊಂಡು ಸ್ಪರ್ಧಿಸುವ ಈ ಉತ್ಸವದಲ್ಲಿ, ಆಗಷ್ಟೇ ಒಂದಾಗಿದ್ದ ಜರ್ಮನಿಯ ಪರವಾಗಿ ಕೊರಿಯಾದಲ್ಲಿ ಹುಟ್ಟಿದ ಅಮೆರಿಕನ್ ಪ್ರಜೆ ಆಯ್ದುಕೊಂಡ ವಿಷಯ ಅಲೆಮಾರಿತನ. ಮಾರ್ಕೊ ಪೋಲೊ, ಚಂಗೀಸ್ ಖಾನ್ ಮೊದಲಾದ ಗಡಿ ದಾಟಿದವರನ್ನು ಅವರು ಟಿವಿ ಪೆಟ್ಟಿಗೆ ಮತ್ತು ಹಳೆಯ ವಾಹನಗಳಿಂದ ರಚಿಸಿ ನಿಲ್ಲಿಸಿದರು. ಜರ್ಮನ್ ಮಂಟಪಕ್ಕೆ ಸ್ವರ್ಣ ಸಿಂಹ ಪ್ರಶಸ್ತಿ ಬಂತು. ಎರಡು ವರ್ಷಗಳ ಬಳಿಕ ವೆನಿಸ್‌ನಲ್ಲಿ ಕೊರಿಯಾಕ್ಕೂ ಸ್ವಂತ ಮಂಟಪ ದೊರೆಯುವುದರಲ್ಲಿ ಪೈಕ್ ಅವರ ಪಾತ್ರ ದೊಡ್ಡದು.

1995ರ ‘ಎಲೆಕ್ಟ್ರಾನಿಕ್ ಸೂಪರ್‌ಹೈವೇ’ ಈಗ ವಾಷಿಂಗ್ಟನ್ನಿನ ಸ್ಮಿತ್ಸೋನಿಯನ್ ಅಮೆರಿಕನ್ ಕಲಾ ಸಂಗ್ರಹಾಲಯದಲ್ಲಿದೆ. 336 ಟಿವಿಗಳು ಮತ್ತು ಬಣ್ಣಬಣ್ಣದ ನಿಯಾನ್ ಕೊಳವೆಗಳಿಂದ ಮಾಡಿದ ಅಮೆರಿಕದ ಬೃಹತ್ ನಕ್ಷೆ ಇದು. ಪ್ರತಿಯೊಂದು ರಾಜ್ಯದೊಳಗೂ ಅದಕ್ಕೆ ಸಂಬಂಧಿಸಿದ ಚಿತ್ರಗಳು ಓಡುತ್ತಿರುತ್ತವೆ. ರಾಜಧಾನಿಯ ಜಾಗದಲ್ಲಿ ಮಾತ್ರ ಪುಟ್ಟ ಪರದೆಯೊಂದಿದ್ದು, ಅದರಲ್ಲಿ ನಕ್ಷೆಯ ಮುಂದೆ ನಿಂತವರ ಚಿತ್ರವೇ ಕಾಣುತ್ತದೆ.

ಕೊನೆಯ ವರ್ಷಗಳು

1996ರಲ್ಲಿ ಪಾರ್ಶ್ವವಾಯುವಿಗೆ ತುತ್ತಾದ ಪೈಕ್ ಅನಂತರ ಗಾಲಿಕುರ್ಚಿಯನ್ನು ಅವಲಂಬಿಸಬೇಕಾಯಿತು. ಕುಬೊತಾ ಅವರ ಆರೈಕೆ ಮಾಡಿದರು. 1998ರಲ್ಲಿ ಕ್ಯೋಟೋ ಪ್ರಶಸ್ತಿ ಲಭಿಸಿತು. ಅದೇ ವರ್ಷ ಶ್ವೇತಭವನದ ಸತ್ಕಾರವೊಂದರಲ್ಲಿ ಅಧ್ಯಕ್ಷ ಕ್ಲಿಂಟನ್ ಅವರ ಕೈಕುಲುಕುವಾಗ ಪೈಕ್ ಅವರ ಪ್ಯಾಂಟು ಜಾರಿಬಿತ್ತು; ಅದು ಅನಾರೋಗ್ಯದ ಅಚಾತುರ್ಯವೋ ಹಳೆಯ ಫ್ಲಕ್ಸಸ್ ಚೇಷ್ಟೆಯೋ ಎಂಬ ಚರ್ಚೆ ನಿಂತಿಲ್ಲ. 2000ದಲ್ಲಿ ನ್ಯೂಯಾರ್ಕಿನ ಗುಗೆನ್‌ಹೈಮ್ ಸಂಗ್ರಹಾಲಯ ಅವರ ಸಮಗ್ರ ಪ್ರದರ್ಶನ ಏರ್ಪಡಿಸಿದಾಗ ಅವರು ಲೇಸರ್ ಕಿರಣಗಳಿಂದ ಹೊಸ ಕೃತಿಗಳನ್ನು ರಚಿಸಿದರು.

ಪೈಕ್ ಜನವರಿ 29, 2006ರಂದು ಫ್ಲೋರಿಡಾದ ಮಯಾಮಿಯಲ್ಲಿ ನಿಧನರಾದರು. ನ್ಯೂಯಾರ್ಕಿನಲ್ಲಿ ನಡೆದ ಅಂತಿಮ ದರ್ಶನದಲ್ಲಿ, 1960ರ ಕಲೋನ್ ಪ್ರಸಂಗದ ನೆನಪಿಗಾಗಿ, ಬಂದವರೆಲ್ಲ ಪಕ್ಕದವರ ಟೈಗಳನ್ನು ಕತ್ತರಿಸಿ ಅವರ ದೇಹದ ಮೇಲಿರಿಸಿದರು. ಅವರ ಚಿತಾಭಸ್ಮದ ಒಂದು ಭಾಗವನ್ನು ಸೋಲ್‌ನ ಬೊಂಗನ್‌ಸಾ ಬೌದ್ಧ ದೇವಾಲಯದಲ್ಲಿ ಇರಿಸಲಾಗಿದೆ. 2008ರಲ್ಲಿ ದಕ್ಷಿಣ ಕೊರಿಯಾದ ಯೊಂಗಿನ್‌ನಲ್ಲಿ ಅವರ ಹೆಸರಿನ ಕಲಾಕೇಂದ್ರ ಆರಂಭವಾಯಿತು. ಅವರ ದಾಖಲೆಪತ್ರಗಳ ಸಂಗ್ರಹ 2009ರಲ್ಲಿ ಸ್ಮಿತ್ಸೋನಿಯನ್ ಸಂಗ್ರಹಾಲಯಕ್ಕೆ ಸೇರಿತು.

ಕೃತಿಗಳ ಸಂರಕ್ಷಣೆ

ಪೈಕ್ ಬಳಸಿದ ಪಿಕ್ಚರ್ ಟ್ಯೂಬುಗಳನ್ನು ಈಗ ಯಾವ ದೊಡ್ಡ ಕಂಪನಿಯೂ ತಯಾರಿಸುವುದಿಲ್ಲ. ಕಂಚಿನ ಶಿಲ್ಪ ಶತಮಾನಗಳ ಕಾಲ ಉಳಿದೀತು. ಟಿವಿ ಪೆಟ್ಟಿಗೆಯ ಆಯುಷ್ಯ ಕೆಲವೇ ವರ್ಷ. ಕೆಟ್ಟ ಭಾಗಗಳಿಗೆ ಹೊಸ ತಂತ್ರಜ್ಞಾನ ಬಳಸುವುದಕ್ಕೆ ಪೈಕ್ ಅವರ ಆಕ್ಷೇಪವಿರಲಿಲ್ಲ. ಆದರೆ ಉಬ್ಬುಗಾಜಿನ ಪೆಟ್ಟಿಗೆಯ ಜಾಗಕ್ಕೆ ಚಪ್ಪಟೆ ಪರದೆ ಬಂದಾಗ ಕೃತಿ ಅದೇ ಆಗಿ ಉಳಿಯುತ್ತದೆಯೇ ಎಂಬುದು ಸಂಗ್ರಹಾಲಯಗಳನ್ನು ಕಾಡುತ್ತಿರುವ ಸಮಸ್ಯೆ. ‘ಮ್ಯಾಗ್ನೆಟ್ ಟಿವಿ’ಗಂತೂ ಈ ದಾರಿಯೇ ಇಲ್ಲ: ಅಯಸ್ಕಾಂತದಿಂದ ಬಾಗುವುದು ಎಲೆಕ್ಟ್ರಾನು ಕಿರಣ, ಚಪ್ಪಟೆ ಪರದೆಯಲ್ಲಿ ಅಂಥ ಕಿರಣವೇ ಇರುವುದಿಲ್ಲ.

ಇದರ ಅತಿ ದೊಡ್ಡ ನಿದರ್ಶನ ಗ್ವಾಚೋನ್‌ನ ರಾಷ್ಟ್ರೀಯ ಆಧುನಿಕ ಮತ್ತು ಸಮಕಾಲೀನ ಕಲಾ ಸಂಗ್ರಹಾಲಯದಲ್ಲಿರುವ ‘ದ ಮೋರ್, ದ ಬೆಟರ್’ (1988). ಕೊರಿಯಾದ ರಾಷ್ಟ್ರಸ್ಥಾಪನೆಯ ದಿನವಾದ ಅಕ್ಟೋಬರ್ 3ನ್ನು ಸೂಚಿಸುವ 1,003 ಟಿವಿಗಳಿಂದ ಕಟ್ಟಿದ ಈ ಗೋಪುರದ ಎತ್ತರ 18.5 ಮೀಟರ್. ಪೆಟ್ಟಿಗೆಗಳು ಹಳೆಯದಾಗಿ ಬೆಂಕಿಯ ಅಪಾಯ ಎದುರಾದಾಗ 2018ರಲ್ಲಿ ಅದನ್ನು ಆರಿಸಲಾಯಿತು. ತೆಗೆದುಹಾಕಬೇಕೆ, ಪೂರ್ತಿ ಹೊಸ ಪರದೆಗಳನ್ನು ಜೋಡಿಸಬೇಕೆ ಎಂಬ ದೀರ್ಘ ಚರ್ಚೆಯ ಬಳಿಕ, ಮೂಲ ರೂಪವನ್ನು ಸಾಧ್ಯವಾದಷ್ಟು ಉಳಿಸಿಕೊಳ್ಳುವ ನಿರ್ಧಾರವಾಯಿತು. ತಂತ್ರಜ್ಞರು 737 ಹಳೆಯ ಪಿಕ್ಚರ್ ಟ್ಯೂಬ್ ಪೆಟ್ಟಿಗೆಗಳನ್ನು ದುರಸ್ತಿ ಮಾಡಿ, ಉಳಿದ 266ರ ಹೊರಕವಚವನ್ನು ಹಾಗೆಯೇ ಇರಿಸಿಕೊಂಡು ಒಳಗೆ ಎಲ್‌ಸಿಡಿ ಪರದೆಗಳನ್ನು ಅಳವಡಿಸಿದರು. ಸೆಪ್ಟೆಂಬರ್ 2022ರಲ್ಲಿ ಗೋಪುರ ಮತ್ತೆ ಬೆಳಗಿತು. ಉಳಿದ ಟ್ಯೂಬುಗಳು ಬೇಗ ಸವೆಯದಂತೆ ಅದನ್ನು ಈಗ ನಿಗದಿತ ಕೆಲವು ಗಂಟೆ ಮಾತ್ರ ಹೊತ್ತಿಸಲಾಗುತ್ತದೆ.